ಗಂಡನ ಅಕ್ಕನ ಹೆಸರು

ನಮ್ಮ ಕೆಳಗಿನ ಮನೆಯವರು ಛಾವಣಿಗೆ ಪಿಒಪಿ ಮಾಡಿಸುತ್ತಿದ್ದಾರೆ. ಪುಣೆಯಲ್ಲಿ ಈಗ ಅದೊಂದು ಹುಚ್ಚು. ಇರುವ ಛಾವಣಿಯ ಕೆಳಗೆ ಇನ್ನೊಂದು ಛಾವಣಿ, ಅದರ ಅಂಚಿನಲ್ಲಿ ಅಡಗಿ ಕೂತ ದೀಪಗಳು. ಬೆಳಿಗ್ಗೆಯಿಂದ ಒದ್ದೆ ಪ್ಲಾಸ್ಟರಿನ ವಾಸನೆ ಮೆಟ್ಟಿಲು ಹತ್ತಿ ಬಂದು ನನ್ನ ಅಡುಗೆಮನೆಯಲ್ಲಿ ಕೂತಿದೆ. ನಿಮಗೂ ಆ ವಾಸನೆ ಗೊತ್ತಿರಬೇಕು. ಮನೆಯಲ್ಲಿ ಯಾರಾದರೂ ಕೈಯೋ ಕಾಲೋ ಮುರಿದುಕೊಂಡಿದ್ದರೆ ಖಂಡಿತ ಗೊತ್ತಿರುತ್ತದೆ. ನನಗೆ ಅದು ಬಂದಾಗಲೆಲ್ಲ ನೆನಪಾಗುವುದು ಮಲ್ಲಮ್ಮನ ಎಡಗೈ ಮಣಿಕಟ್ಟು.

ಇವತ್ತು ಮಧ್ಯಾಹ್ನ ಅದೇ ಮಲ್ಲಮ್ಮನ ಹೊಸ ಮನೆಗೆ ಊಟಕ್ಕೆ ಹೋಗಬೇಕು. ಹೊರಡಲು ಇನ್ನೂ ಹೊತ್ತಿದೆ. ಅಷ್ಟರಲ್ಲಿ ಹೇಳಿಬಿಡುತ್ತೇನೆ.

ಹತ್ತು ವರ್ಷಕ್ಕೂ ಹಿಂದಿನ ಮಾತು. ಆಗ ಭೋಸರಿಯಲ್ಲಿ, ಕಾರ್ಖಾನೆಗಳ ಸಾಲು ಶುರುವಾಗುವ ಕಡೆ, ಅಪ್ಪನದೊಂದು ಹೋಟೆಲಿತ್ತು. ನಾವು ಕರಾವಳಿಯವರು. ಮನೆಯಲ್ಲಿ ತುಳು, ಹೋಟೆಲಿನಲ್ಲಿ ಕನ್ನಡ, ಬಾಗಿಲು ದಾಟಿದರೆ ಮರಾಠಿ. ನಾನು ಸಂಖ್ಯಾಶಾಸ್ತ್ರದಲ್ಲಿ ಎಂ.ಎಸ್ಸಿ. ಓದುತ್ತಿದ್ದೆ. ಮೂರು ಭಾಷೆಯೂ ಬರುತ್ತಿತ್ತು, ಮೂರರಲ್ಲೂ ಕಡಿಮೆ ಮಾತಾಡುತ್ತಿದ್ದೆ. ಇದನ್ನು ಕೆಲವರು ಗಾಂಭೀರ್ಯ ಅಂದುಕೊಂಡರು, ಹೆಚ್ಚಿನವರು ಜಂಬ ಅಂದುಕೊಂಡರು. ನಿಜವೇನೆಂದರೆ, ವಾಕ್ಯವೊಂದು ನನಗೆ ಒಪ್ಪಿಗೆಯಾಗುವಂತೆ ಕೂಡಿಬರುವಷ್ಟರಲ್ಲಿ ಎದುರಿಗಿದ್ದವರು ಬಿಲ್ಲು ಕೊಟ್ಟು ಹೊರಟುಹೋಗಿರುತ್ತಿದ್ದರು.

ಗಲ್ಲಾದಲ್ಲಿ ಕೂರುತ್ತಿದ್ದವನು ವಾಸಣ್ಣ. ಅಪ್ಪನ ಊರಿನವನೇ. ಮರಾಠಿ ಪೇಪರು, ಕನ್ನಡ ಪೇಪರು ಎರಡನ್ನೂ ಮೊದಲ ಪುಟದಿಂದ ಕೊನೆಯ ಪುಟದ ತನಕ ಓದಿ, ಬಂದವರಿಗೆಲ್ಲ ಚಿಲ್ಲರೆಯ ಜೊತೆ ಸಲಹೆಯನ್ನೂ ಕೊಡುತ್ತಿದ್ದ. ಜಾಗದ ತಕರಾರು, ರೇಷನ್ ಕಾರ್ಡು, ಮೂಲವ್ಯಾಧಿ, ಯಾವುದಕ್ಕೂ ಇಲ್ಲವೆನ್ನುತ್ತಿರಲಿಲ್ಲ. ಅವನ ಸಲಹೆಗಿದ್ದ ಒಂದೇ ದೋಷವೆಂದರೆ ಅದು ಹೋಟೆಲಿನ ಕೊನೆಯ ಮೇಜಿಗೂ ಕೇಳಿಸುತ್ತಿತ್ತು.

ಹಿಂದಿನ ಅಂಗಳದಲ್ಲಿ ತರಕಾರಿ ಹೆಚ್ಚಿ, ತೆಂಗಿನಕಾಯಿ ತುರಿದು ಕೊಡುತ್ತಿದ್ದವಳು ಚಂದ್ರಮ್ಮ. ಯಾದಗಿರಿ ಕಡೆಯವಳು. ಗಂಡ ತೀರಿಕೊಂಡ ಮೇಲೆ ಇಲ್ಲಿಗೆ ಬಂದವಳು. ಈರುಳ್ಳಿ ಹೆಚ್ಚುವಾಗ ಎಲ್ಲರ ಕಣ್ಣಲ್ಲೂ ನೀರು ಬರುತ್ತದೆ, ಅವಳ ಕಣ್ಣಲ್ಲಿ ಬರುತ್ತಿರಲಿಲ್ಲ. ಹೋಟೆಲಿನ ಅಡುಗೆಯ ಭಟ್ಟರು ಅದನ್ನು ಒಂದು ವಿಶೇಷ ಶಕ್ತಿಯೆಂಬಂತೆ ಹೊಸಬರಿಗೆ ತೋರಿಸುತ್ತಿದ್ದರು.

ಒಂದು ದಿನ ಬೆಳಗಿನ ತಿಂಡಿಯ ಗದ್ದಲ ಇಳಿದ ಮೇಲೆ ಅಂಗಳಕ್ಕೆ ಹೋದೆ. ತೆಂಗಿನಕಾಯಿ ಚೀಲಕ್ಕೆ ಒರಗಿಕೊಂಡು ನನ್ನದೇ ವಯಸ್ಸಿನ ಒಬ್ಬಳು ಕೂತಿದ್ದಳು. ಎಡಗೈಗೆ ಮೊಣಕೈ ತನಕ ಪ್ಲಾಸ್ಟರು, ಇನ್ನೂ ಪೂರ್ತಿ ಒಣಗಿರಲಿಲ್ಲ.

"ನನ್ನ ಮಗಳ್ರಿ ಅಕ್ಕಾರ, ಮಲ್ಲಮ್ಮ," ಎಂದಳು ಚಂದ್ರಮ್ಮ. "ಬಿದ್ದಾಳ್ರಿ."

"ಬಿದ್ದಿಲ್ರಿ," ಎಂದಳು ಮಗಳು. "ಗಂಡ ಹೊಡದಾನ್ರಿ. ಊಟಕ್ಕ ಕೂಡೂ ಮಣಿ ತಗೊಂಡು ಹೊಡದಾನ."

ಯಾಕೆ ಎಂದು ನಾನು ಕೇಳಲಿಲ್ಲ. ಹೊಡೆತಕ್ಕೆ ಕಾರಣ ಕೇಳುವುದೆಂದರೆ ಅದಕ್ಕೊಂದು ಕಾರಣ ಇರಬಹುದೆಂದು ಒಪ್ಪಿಕೊಂಡಂತೆ ಎಂದು ಈಗ ದೊಡ್ಡದಾಗಿ ಹೇಳಬಲ್ಲೆ. ಆಗ ಬರೇ ಸಂಕೋಚಕ್ಕೆ ಸುಮ್ಮನಿದ್ದೆ.

ಗಂಡ ಬಸವರಾಜ ಹತ್ತಿರದ ಒಂದು ಕಾರ್ಖಾನೆಯಲ್ಲಿ ಲೇತ್ ಮೇಲೆ ಕೆಲಸ ಮಾಡುತ್ತಿದ್ದ. ಮನೆಯಲ್ಲಿ ಅವನು, ಅವನ ತಾಯಿ ನಿಂಗಮ್ಮ, ಮಲ್ಲಮ್ಮ, ಆಗಷ್ಟೇ ನಡೆಯಲು ಕಲಿತಿದ್ದ ಕೂಸು ರೇಣುಕಾ. ಹೊಡೆತ ಹಿಂದೆಯೂ ಬಿದ್ದಿತ್ತು. ಈ ಸಲ ಕೈ ಮುರಿದ ಮೇಲೆ ಮಲ್ಲಮ್ಮ ಇನ್ನು ಅಲ್ಲಿರುವುದಿಲ್ಲ ಎಂದು ಎದ್ದಿದ್ದಳು. ಅವನು ಬಾಗಿಲಲ್ಲಿ ನಿಂತು, "ಹೋಗೂದಿದ್ರ ನೀ ಹೋಗು, ಕೂಸು ನಂದು" ಎಂದಿದ್ದ. ಒಂದೇ ಕೈಯಿಂದ ಅವಳು ಕೂಸನ್ನು ಎತ್ತಿಕೊಳ್ಳಲಾಗಲಿಲ್ಲ. ನಿಂಗಮ್ಮ ಎತ್ತಿಕೊಂಡು ಒಳಗೆ ಹೋಗಿದ್ದಳು.

"ಕೈ ಹೋದ್ರ ಹೋಗ್ಲಿರಿ," ಎಂದಳು ಮಲ್ಲಮ್ಮ. "ನನಗ ಕೂಸು ಬೇಕು."

ಪೊಲೀಸರ ಬಳಿ ಹೋಗುವುದೆಂದು ಅವಳೇ ತೀರ್ಮಾನಿಸಿದ್ದಳು. ಚಂದ್ರಮ್ಮ ಬೇಡವೆನ್ನಲಿಲ್ಲ, ಹೂಂ ಎಂದೂ ಅನ್ನಲಿಲ್ಲ. ಅಪ್ಪ ನನ್ನನ್ನು ಕರೆದು, "ಅವರಿಗೆ ಬಾಜಾರದ ಮರಾಠಿ ಬಿಟ್ರೆ ಬೇರೆ ಬರುದಿಲ್ಲ. ನೀನು ಒಟ್ಟಿಗೆ ಹೋಗು ಮಾರಾಯ್ತಿ. ಇವರು ಹೇಳಿದ್ದನ್ನ ಅಲ್ಲಿ ಹೇಳು, ಅಲ್ಲಿ ಹೇಳಿದ್ದನ್ನ ಇವರಿಗೆ ಹೇಳು. ಮಧ್ಯದಲ್ಲಿ ನಿಂದೇನೂ ಬೇಡ," ಎಂದರು. ನನ್ನದೇನೂ ಬೇಡದ ಕೆಲಸಕ್ಕೆ ನನಗಿಂತ ಯೋಗ್ಯರು ಆ ಹೋಟೆಲಿನಲ್ಲಿ ಇರಲಿಲ್ಲ.

ಆಟೋ ಹಿಡಿಯಲು ನಾವು ಮೂವರೂ ಗಲ್ಲಾ ದಾಟುವಾಗ ವಾಸಣ್ಣ ತಡೆದ. "ಕೇಳಿ ಇಲ್ಲಿ. ಒಬ್ಬನ ಹೆಸರು ಬರೆಸಿದ್ರೆ ಅದು ಮನೆ ಜಗಳ. ಎಲ್ಲರ ಹೆಸರು ಬರೆಸಿದ್ರೆ ಅದು ಕೇಸು. ಅತ್ತೆ, ನಾದಿನಿ, ಯಾರನ್ನೂ ಬಿಡ್ಬೇಡಿ. ಅತ್ತೆ ಒಂದು ಸಲ ಲಾಕಪ್ಪು ನೋಡಿದ್ರೆ ಮಗು ತಾನಾಗಿ ಮನೆಗೆ ಬರ್ತದೆ."

"ಅವರು ಹೊಡೆಯದೇ ಇದ್ರೆ?" ಎಂದೆ.

"ಅತ್ತೆ ಏನೂ ಮಾಡದೆ ಇರ್ತಾಳಾ ತಂಗಿ? ಕಾಲೇಜಿಗೆ ಹೋದದ್ದು ಹೆಚ್ಚಾಯ್ತು ನಿಮಗೆ." ನಾಷ್ಟಾ ಮುಗಿಸುತ್ತಿದ್ದ ಲೇತಿನ ಹುಡುಗರು ನಕ್ಕರು. ಅವರಲ್ಲಿ ಬಸವರಾಜನ ಜೊತೆ ಕೆಲಸ ಮಾಡುವವರೂ ಇದ್ದರು ಎಂಬುದು ನಮಗೆ ಸಂಜೆಯ ತನಕ ತಿಳಿಯಲಿಲ್ಲ.

ವಾಸಣ್ಣನನ್ನು ನಾನು ಹಳಿಯುತ್ತಿಲ್ಲ. ಆ ಕಾಲದಲ್ಲಿ ಎಲ್ಲರೂ ಅದನ್ನೇ ಹೇಳುತ್ತಿದ್ದರು, ಈಗಲೂ ಹೇಳುತ್ತಾರೆ. ನಾನು ಪಾಠ ಮಾಡುವ ಕಾಲೇಜಿನಲ್ಲಿ ಒಬ್ಬ ಹಿರಿಯ ಸಹೋದ್ಯೋಗಿ ಇದ್ದಾರೆ. ಅವರ ತಮ್ಮನಿಗೂ ಹೆಂಡತಿಗೂ ಬಿಗಡಾಯಿಸಿದಾಗ ದೂರಿನಲ್ಲಿ ತಮ್ಮನ ಜೊತೆ ಇವರು, ಇವರ ಹೆಂಡತಿ, ಕಣ್ಣಿನ ಪೊರೆ ತೆಗೆಸಿಕೊಂಡು ಮಲಗಿದ್ದ ತಾಯಿ, ಎಲ್ಲರ ಹೆಸರೂ ಬಂತು. ನಿರೀಕ್ಷಣಾ ಜಾಮೀನು ಸಿಗುವ ತನಕ ಇಡೀ ಕುಟುಂಬ ಲೋಣಾವಳಾದ ಹೋಟೆಲೊಂದರಲ್ಲಿ ಅಡಗಿ ಕೂತಿತ್ತು. ಹೊರಗೆ ಜಡಿಮಳೆ. ಪಕ್ಕದ ಕೋಣೆಗಳಲ್ಲಿ ಮೋಜಿಗೆ ಬಂದವರು. ಅನುಮಾನ ಬಾರದಿರಲೆಂದು ಇವರೂ ದಿನಾ ಹೊರಗೆ ಹೋಗಿ ಚಿಕ್ಕಿ ಕೊಂಡು ತರಬೇಕಾಯಿತಂತೆ. ಆ ತಾಯಿ ಹಲ್ಲಿಲ್ಲದ ಬಾಯಲ್ಲಿ ಚಿಕ್ಕಿ ಚೀಪುತ್ತ, "ನಾನು ಅವಳಿಗೆ ಏನು ಮಾಡಿದೆ ಹೇಳಿ, ಮಾಡಿದ್ದರೆ ಒಪ್ಪಿಕೊಳ್ಳುತ್ತೇನೆ" ಎಂದು ಕೇಳುತ್ತಿದ್ದರಂತೆ. ಸಹೋದ್ಯೋಗಿ ಇದನ್ನು ಹೇಳುವಾಗ ನಗುತ್ತಾರೆ. ಆದರೆ ಚಿಕ್ಕಿಯನ್ನು ಮಾತ್ರ ಇವತ್ತಿಗೂ ಮುಟ್ಟುವುದಿಲ್ಲ. "ಈ ಕೇಸುಗಳೆಲ್ಲ ಸುಳ್ಳು" ಎಂದು ಅವರು ಮಾತು ಮುಗಿಸಿದಾಗ ನನಗೆ ಮಲ್ಲಮ್ಮನ ಮಣಿಕಟ್ಟು ಕಾಣಿಸುತ್ತದೆ. "ಎಲ್ಲವೂ ನಿಜ" ಎಂದು ಇನ್ನೊಬ್ಬರು ವಾದಿಸಿದಾಗ ಚಿಕ್ಕಿ ಚೀಪುವ ಮುದುಕಿ ಕಾಣಿಸುತ್ತಾಳೆ. ಸಂಖ್ಯಾಶಾಸ್ತ್ರ ಓದಿದವಳಿಗೆ "ಎಲ್ಲ" ಎಂಬ ಪದದ ಮೇಲೆ ಮೊದಲಿಂದಲೂ ಅನುಮಾನ.

ಇರಲಿ, ಠಾಣೆಗೆ ಬರೋಣ. ಒಳಗಿನ ಕೋಣೆಯಲ್ಲಿ ಹೆಂಗಸರ ದೂರು ಕೇಳಲೆಂದೇ ಒಬ್ಬ ಹೆಂಗಸು, ಎಲ್ಲರೂ ಹವಾಲ್ದಾರ್ ಬಾಯಿ ಎನ್ನುತ್ತಿದ್ದವರು, ಕೂತಿದ್ದರು. ದಪ್ಪ ಕನ್ನಡಕ, ದಣಿದ ಮುಖ, ಮೇಜಿನ ಮೇಲೆ ಸೋಸಲು ತಂದಿದ್ದ ಮೆಂತ್ಯ ಸೊಪ್ಪಿನ ಕಟ್ಟು. ನಾವು ಕೂತೊಡನೆ ಸೊಪ್ಪನ್ನು ಡ್ರಾಯರಿಗೆ ಹಾಕಿ ಹಾಳೆ ತೆಗೆದರು. ಅವರು ಕೇಳಿದ್ದೆಲ್ಲ ಮರಾಠಿಯಲ್ಲಿ, ಇಲ್ಲಿ ಕನ್ನಡದಲ್ಲೇ ಬರೆಯುತ್ತೇನೆ.

ಹೆಸರು, ಊರು, ಮದುವೆಯಾಗಿ ಎಷ್ಟು ಕಾಲ, ಎಲ್ಲ ಆಯಿತು. ಗಂಡ ಹೊಡೆದದ್ದನ್ನು ಮಲ್ಲಮ್ಮ ನಿಧಾನವಾಗಿ ಹೇಳಿದಳು, ನಾನು ನಿಧಾನವಾಗಿ ದಾಟಿಸಿದೆ. ಬಾಯಿ ತಲೆಯೆತ್ತದೆ ಬರೆದುಕೊಂಡರು. ಇಂಥವು ಅವರಿಗೆ ಬಾಯಿಪಾಠವಾಗಿದ್ದವು.

"ಅತ್ತೆ? ಅತ್ತೆಯೂ ಹೊಡೆದಳಾ?"

"ಆಕಿ ಹೊಡದಿಲ್ರಿ," ಎಂದಳು ಮಲ್ಲಮ್ಮ. "ಅಂವ ಹೊಡಿಯೂಮುಂದ ಬಾಗಿಲಾ ಹಾಕಿದ್ಳು."

"ಕೈ ಹಿಡಿದುಕೊಂಡಳಾ? ಬಯ್ದಳಾ?"

"ಇಲ್ರಿ. ಬಾಗಿಲಾ ಹಾಕಿದ್ಳು. ಅಷ್ಟಾ."

ಬಾಯಿ ನನ್ನ ಕಡೆ ನೋಡಿದರು. ಅಷ್ಟೇ ಎಂದೆ. ಪೆನ್ನನ್ನು ಸ್ವಲ್ಪ ಹೊತ್ತು ಮೇಲೆ ಹಿಡಿದಿದ್ದು, "ಸರಿ, ಅದನ್ನು ಆಮೇಲೆ ನೋಡುವ," ಎಂದು ಮುಂದೆ ಹೋದರು. "ನಣಂದ ಇದ್ದಾಳಾ? ಗಂಡನ ಅಕ್ಕತಂಗಿಯರು?"

ನಾನು ದಾಟಿಸಿದೆ. ಮಲ್ಲಮ್ಮ ಪ್ಲಾಸ್ಟರಿನ ಕೈಯನ್ನು ಮಡಿಲಲ್ಲಿ ಸರಿಪಡಿಸಿಕೊಂಡಳು. "ಒಬ್ಬಾಕಿ ಅಕ್ಕ ಅದಾಳ್ರಿ."

"ಹೆಸರು?"

"ಚಂದ್ರಮ್ಮ."

ಬರೆದುಕೊಂಡರು. ಮೊದಲು ಮಲ್ಲಮ್ಮನ ತಾಯಿಯ ಹೆಸರನ್ನೂ ಹಾಗೇ ಬರೆದುಕೊಂಡಿದ್ದರು, ಆದರೆ ಯಾದಗಿರಿ ಕಡೆ ಚಂದ್ರಮ್ಮಂದಿರಿಗೇನು ಬರವೇ? ನನಗೂ ಏನೂ ಅನಿಸಲಿಲ್ಲ.

"ಎಲ್ಲಿರುತ್ತಾಳೆ ಈ ಚಂದ್ರಮ್ಮ?"

"ಇಲ್ಲೇ ಕೂತಾಳ್ರಿ."

ಅದನ್ನು ನಾನು ಮರಾಠಿಯಲ್ಲಿ ಹೇಳಿದೆನೋ ಇಲ್ಲವೋ, ಬಾಯಿ ಕುರ್ಚಿಯಿಂದ ಅರ್ಧ ಎದ್ದರು. ದೂರು ಕೊಡಲು ಬಂದವಳನ್ನು ಹೆದರಿಸಲು ಗಂಡನ ಕಡೆಯವರು ಠಾಣೆಯ ತನಕ ಬಂದು ಕೂರುವುದು ಅವರು ಕಂಡಿದ್ದ ಸಂಗತಿಯೇ. "ಒಳಗೆ ಬಿಟ್ಟವರು ಯಾರು ಅವಳನ್ನು? ಹೊರಗೆ ಕಳಿಸಿ," ಎಂದು ಬಾಗಿಲ ಕಡೆ ಗದರಿದರು. ನಾನೂ ತಿರುಗಿ ಬಾಗಿಲ ಹತ್ತಿರದ ಬೆಂಚನ್ನು ನೋಡಿದೆ. ಅಲ್ಲೊಬ್ಬ ಮುದುಕ ತೂಕಡಿಸುತ್ತಿದ್ದ.

"ನಾನಾ ರೀ," ಎಂದಳು ನನ್ನ ಪಕ್ಕದಲ್ಲಿದ್ದ ಚಂದ್ರಮ್ಮ. "ಅಂವ ನನ್ನ ತಮ್ಮ."

ನೀವು ಬಯಲುಸೀಮೆಯವರಾದರೆ ಇಷ್ಟರಲ್ಲಾಗಲೇ ನಮ್ಮಿಬ್ಬರ ಪೆದ್ದುತನಕ್ಕೆ ನಕ್ಕಿರುತ್ತೀರಿ. ಸೋದರಮಾವನಿಗೆ ಹೆಣ್ಣು ಕೊಡುವುದು ನಿಮಗೆ ಕಂಡು ಕೇಳಿದ ಸಂಗತಿ. ನಮ್ಮ ಕಡೆ ಅದು ಊಹಿಸಲೂ ಆಗದ್ದು, ಆದ್ದರಿಂದ ನನಗೆ ಹೊಳೆಯಲಿಲ್ಲ. ಹವಾಲ್ದಾರ್ ಬಾಯಿಯೂ ಕನ್ನಡಕ ತೆಗೆದು ಒರೆಸಿಕೊಂಡರು. "ಮಾಮನ ಮಗನನ್ನು ಮಾಡಿಕೊಳ್ಳುವುದು ನಮ್ಮಲ್ಲೂ ಇದೆ. ಇವಳು ಮಾಮನನ್ನೇ ಮಾಡಿಕೊಂಡಳೇ?" ಎಂದು ನನ್ನನ್ನು ಕೇಳಿದರು, ನಾನೇ ಮಾಡಿಸಿದ ಮದುವೆಯೆಂಬಂತೆ. ಆಮೇಲೆ ಬೆರಳು ಮಡಿಸುತ್ತ ಲೆಕ್ಕ ಹಾಕಿದರು. "ಅಂದರೆ ಅತ್ತೆಯೆಂದರೆ ಇವಳ ಅಜ್ಜಿ. ನಾದಿನಿಯೆಂದರೆ ತಾಯಿ. ಫಿರ್ಯಾದಿಯನ್ನು ಆರೋಪಿಯೇ ಆಟೋದಲ್ಲಿ ಕೂರಿಸಿಕೊಂಡು ಬಂದಿದ್ದಾಳೆ." ಅವರ ದೊಡ್ಡ ದೇಹ ಕುಲುಕಾಡಿತು. ಮಲ್ಲಮ್ಮನೂ ನಕ್ಕಳು. ನಕ್ಕಾಗ ಕೈ ನೋವಾಗಿ ಪ್ಲಾಸ್ಟರನ್ನು ಹಿಡಿದುಕೊಂಡಳು.

ನಗದೆ ಉಳಿದವಳು ಚಂದ್ರಮ್ಮ ಒಬ್ಬಳೇ.

"ಹೊಡಿಬ್ಯಾಡ್ರಿ ನನ್ನ ಹೆಸರಿಗಿ ಕಾಟು," ಎಂದಳು. "ಬರಕೊಂಡೀರಿ, ಇರ್ಲಿ."

ಬಾಯಿಗೆ ಹೇಳಿದೆ. ಅವರ ನಗು ನಿಂತಿತು. "ಯಾಕೆ ಅಂತ ಕೇಳು."

"ತಮ್ಮನ್ನ ಸಾಕಿದಾಕಿ ನಾನು, ಲೇತಿಗಿ ಹಚ್ಚಿದಾಕಿ ನಾನು, ಹುಡುಗಿನ್ನ ಕೊಟ್ಟಾಕಿ ನಾನು. ಈಕಿ ಹೊಡತಾ ತಿಂದು ಬಂದಾಗೆಲ್ಲ ನನ್ನ ತಮ್ಮ ಅಂಥಾವಲ್ಲ ಅಂತ ತಿರಿಗಿ ಕಳಸ್ದಾಕೀನೂ ನಾನಾ. ಬ್ಯಾರೆ ಮನಿಗಿ ಕೊಟ್ಟಿದ್ರ ಹಂಗ ಕಳಸ್ತಿದ್ದಿಲ್ರಿ. ನಾ ಆವಾಗೆಲ್ಲ ಈಕಿ ಅವ್ವ ಇರ್ಲಿಲ್ಲ, ನಾದ್ನಿ ಇದ್ದೆ. ಇದ್ದದ್ದು ಬರಕೋರಿ."

ಇದನ್ನು ಮರಾಠಿಗೆ ದಾಟಿಸುವಾಗ ನಾನು ಎರಡು ಸಲ ನಿಂತೆ. ಪದಗಳೇನೂ ಕಷ್ಟದವಲ್ಲ. ಮಾತಾಡುವಾಗ ಚಂದ್ರಮ್ಮ ನನ್ನನ್ನೂ ನೋಡುತ್ತಿರಲಿಲ್ಲ, ಬಾಯಿಯನ್ನೂ ನೋಡುತ್ತಿರಲಿಲ್ಲ. ಮಗಳ ಪ್ಲಾಸ್ಟರನ್ನು ನೋಡುತ್ತಿದ್ದಳು. ಅವಳ ಕಣ್ಣು ಆಗಲೂ ಒಣಗಿಯೇ ಇತ್ತು.

ಹವಾಲ್ದಾರ್ ಬಾಯಿ ಮಲ್ಲಮ್ಮನನ್ನು ಕೇಳಿದರು. "ನೀನು ಏನು ಹೇಳುತ್ತೀ? ದೂರು ನಿನ್ನದು."

ಮಲ್ಲಮ್ಮ ತಾಯಿಯ ಕಡೆ ತಿರುಗಿದಳು. ಹೊರಗೆ ಯಾರೋ ವೈರ್‌ಲೆಸ್ಸಿನಲ್ಲಿ ಒಂದೇ ನಂಬರನ್ನು ಮತ್ತೆ ಮತ್ತೆ ಹೇಳುತ್ತಿದ್ದರು.

"ಈಕಿ ಮಾಡಿದ್ದು ಮನ್ಯಾಗ ಕೇಳ್ತೀನ್ರಿ," ಎಂದಳು. "ಬಿಡಂಗಿಲ್ಲ, ಕೇಳ್ತೀನಿ. ಠಾಣಾದಾಗ ಮಾತ್ರ ಅವನೊಬ್ಬನ್ದು ಇರ್ಲಿ. ಕೈ ಮುರದಂವ ಅಂವ."

"ಮತ್ತೆ ಅಜ್ಜಿ? ಮಗು ಅವಳ ಹತ್ತಿರ ಅಲ್ಲವಾ? ಹೆಸರಿದ್ದರೆ ನಾವು ಹೋಗಿ ಹಿಡಿದು ತರಬಹುದು."

ಇದಕ್ಕೆ ಉತ್ತರ ಕೊಟ್ಟವಳು ಚಂದ್ರ‌ಮ್ಮ. ಎಷ್ಟೆಂದರೂ ಅದು ಅವಳ ತಾಯಿ. "ಹೆಸರಾ ಬರದೀರಂತ ಗೊತ್ತಾದ್ರ ನಮ್ಮವ್ವ ಸಂಜಿ ರೈಲಿಗೇ ಕೂಸಿನ್ನ ಕರಕೊಂಡು ಊರಿಗಿ ಹೋಗ್ತಾಳ್ರಿ. ಪೊಲೀಸರಂದ್ರ ಆಕಿಗಿ ಯಮ ಇದ್ದಂಗ. ಊರಾಗ ನಮಗ ಯಾರು ಕೊಡ್ತಾರ್ರಿ ಕೂಸು?"

ಬಾಯಿ ಬರೆದದ್ದನ್ನೆಲ್ಲ ಒಂದು ಸಲ ನೋಡಿದರು. ನಮ್ಮ ಮೂವರನ್ನೂ ನೋಡಿದರು. ಆಮೇಲೆ ಒಂದು ಎಚ್ಚರಿಕೆ ಕೊಟ್ಟರು. "ಒಬ್ಬನ ಹೆಸರಿದ್ದರೆ ಎದುರಿನವರಿಗೆ ಹೆದರಿಕೆ ಇರುವುದಿಲ್ಲ. ನಾಳೆ ಅದಕ್ಕೆ ನನ್ನನ್ನು ಬೈಯಬಾರದು."

"ಹೆದರಸ್ಲಿಕ್ಕ ಬಂದಿಲ್ರಿ," ಎಂದಳು ಮಲ್ಲಮ್ಮ. "ಬಾಗಿಲಾ ಹಾಕಿದ್ದು ಖರೆ ಅದ, ಅದನ್ನ ಬರಕೋರಿ. ಹೊಡದ್ಲು ಅಂತ ಬರಿಬ್ಯಾಡ್ರಿ. ನಾಳಿ ಕೋರ್ಟಿನ್ಯಾಗ ಒಂದು ಸುಳ್ಳ್ ಹೊಂಟ್ರ ನನ್ನ ಕೈ ಮುರದದ್ದೂ ಸುಳ್ಳ್ ಅಂತಾರ."

ನಾನು ಅದುವರೆಗೆ ಓದಿದ್ದ ಯಾವ ಪಠ್ಯಪುಸ್ತಕದಲ್ಲೂ ಒಂದು ತಪ್ಪು ಸಂಖ್ಯೆ ಉಳಿದದ್ದನ್ನೆಲ್ಲ ಹೇಗೆ ಕೆಡಿಸುತ್ತದೆಂದು ಇಷ್ಟು ಚಿಕ್ಕದಾಗಿ ಬರೆದಿರಲಿಲ್ಲ. ಬಾಯಿ ಹೊಸ ಹಾಳೆ ತೆಗೆದುಕೊಂಡು ಮೊದಲಿಂದ ಬರೆದರು. ಆರೋಪಿ ಒಬ್ಬನೇ.

ಬಸವರಾಜನನ್ನು ಕರೆತರಲು ಪೊಲೀಸರು ಕಾರ್ಖಾನೆಯ ಗೇಟಿಗೆ ಹೋದರು. ಮಲ್ಲಮ್ಮನನ್ನು ಹೋಟೆಲಿನಲ್ಲಿ ಕೂರಿಸಿ ನಾನೂ ಚಂದ್ರಮ್ಮನೂ ನಿಂಗಮ್ಮನ ಮನೆಯಿದ್ದ ಚಾಳಿಗೆ, ಆ ಸಾಲುಮನೆಗಳಿಗೆ, ನಡೆದೆವು. ನನ್ನ ಕೆಲಸ ಮುಗಿದಿತ್ತು, ಹೋಗಬೇಕಾಗಿರಲಿಲ್ಲ. ಯಾಕೆ ಹೋದೆನೆಂದು ಕೇಳಿದರೆ, ಚಂದ್ರಮ್ಮ ಕರೆಯಲಿಲ್ಲ, ಆದರೆ ನಾನು ಬರುವ ತನಕ ರಸ್ತೆ ಬದಿಯಲ್ಲಿ ನಿಂತಿದ್ದಳು.

ನಾವು ಹೋಗುವಷ್ಟರಲ್ಲಿ ಸುದ್ದಿ ಹೋಗಿತ್ತು. ಬೆಳಿಗ್ಗೆ ವಾಸಣ್ಣನ ಸಲಹೆ ಕೇಳಿ ನಕ್ಕಿದ್ದ ಹುಡುಗರು ಅದನ್ನು ಹಾಗೇ ಕೊಂಡೊಯ್ದು ಮುಟ್ಟಿಸಿದ್ದರು. ಅವರ ಒಂದೇ ಕೋಣೆಯ ಖೋಲಿಯ ನಡುವೆ ಗಂಟು ಕಟ್ಟಿಟ್ಟಿತ್ತು. ಕೂಸಿಗೆ ಹೊಸ ಲಂಗ ತೊಡಿಸಿ, ತಲೆಗೆ ಎಣ್ಣೆ ಹಚ್ಚಿ, ಗಂಟಿನ ಪಕ್ಕದಲ್ಲಿ ಕೂರಿಸಿಯಾಗಿತ್ತು. ನಿಂಗಮ್ಮ ಸಣ್ಣ ಹೆಂಗಸು. ಎದ್ದು ನಿಂತು ಮಗಳ ಹಿಂದೆ ಯಾರಿದ್ದಾರೆಂದು ಇಣುಕಿದಳು.

"ಪೊಲೀಸರು ಹೊರಗ ನಿಂತಾರೇನು?"

"ಇಲ್ಲವ್ವ."

"ನನ್ನ ಹೆಸರಾ ಬರಸೀರಂತಲ್ಲ. ಹಡದಾಕಿನ್ನ ಜೇಲಿಗಿ ಕಳಸೂ ಮಗಳು ನೀನೊಬ್ಬಾಕೀನೇ ಹುಟ್ಟೀದಿ ನೋಡು."

"ನಿನ್ನ ಹೆಸರಾ ಬರಸಿಲ್ಲ."

"ಸುಳ್ಳ್ ಹೇಳಬ್ಯಾಡ. ಸಣ್ಣಾಕಿದ್ದಾಗಿಂದ ನಿನ್ನ ಸುಳ್ಳ್ ನನಗ ತಿಳೀತದ." ಅಜ್ಜಿ ನನ್ನ ಕಡೆ ತಿರುಗಿದಳು. "ನೀ ಯಾರವ್ವ? ಹೋಟೆಲಿನವರ ಮಗಳೇನು? ನೀ ಅಲ್ಲಿದ್ದೇನು?"

"ಇದ್ದೆ ಅಜ್ಜಿ. ದೂರು ಇರುವುದು ನಿಮ್ಮ ಮಗನ ಮೇಲೆ ಮಾತ್ರ. ನೀವು ಹೊಡೆದಿರಿ ಅಂತ ಎಲ್ಲೂ ಇಲ್ಲ. ಬಾಗಿಲು ಹಾಕಿದಿರಿ ಅಂತ ಇದೆ."

ಚಂದ್ರಮ್ಮ ನನ್ನ ತೋಳು ಚಿವುಟಿದಳು. ಈ ಬಾಗಿಲಿನ ಮಾತು ಈಗ ಬೇಕಿತ್ತೇ ಎಂಬುದು ಆ ಚಿವುಟಿನ ಅರ್ಥ. ಬೇಕಿರಲಿಲ್ಲವೇನೋ. ಆದರೆ ಅರ್ಧ ಹೇಳಲು ನನಗೆ ಬರುವುದಿಲ್ಲ.

"ಯಾರ ಹೇಳಿದ್ರು ಅದನ್ನ?"

"ಮಲ್ಲಮ್ಮ."

"ಹೊಡದ್ಲು ಅಂತ ಹೇಳ್ಲಿಲ್ಲ?"

"ಅವರು ಕೆದಕಿ ಕೇಳಿದರು. ಇಲ್ಲ ಅಂದಳು."

ಅಜ್ಜಿ ಗಂಟಿನ ಮೇಲೆಯೇ ಕೂತಳು. ಕೂಸು ಅವಳ ಸೆರಗು ಹಿಡಿದು ಎದ್ದು ನಿಲ್ಲಲು ನೋಡಿತು, ಬಿತ್ತು, ಮತ್ತೆ ನೋಡಿತು. ಚಂದ್ರಮ್ಮ ಎತ್ತಿಕೊಳ್ಳಲು ಬಗ್ಗಲಿಲ್ಲ. ಅವಳ ಕೈಬೆರಳುಗಳು ಸೀರೆಯ ಅಂಚನ್ನು ಸುತ್ತುತ್ತಿದ್ದವು. ಒಂದು ಮಾತು ತಪ್ಪಿದರೂ ಅಜ್ಜಿ ಗಂಟೆತ್ತಿಕೊಂಡು ರೈಲಿಗೆ ಹೊರಡಬಹುದಿತ್ತು, ನಮ್ಮಿಬ್ಬರಿಂದ ತಡೆಯಲಾಗುತ್ತಿರಲಿಲ್ಲ.

"ಖರೆ ಅದ," ಎಂದಳು ಅಜ್ಜಿ. "ಮಂದಿ ನೋಡ್ತಾರಂತ ಹಾಕಿದೆ." ಆಮೇಲೆ, ನಮಗಲ್ಲ, ಆ ಬಾಗಿಲಿಗೇ ಹೇಳುವಂತೆ ಹೇಳಿದಳು. "ಮಂದಿ ನೋಡಿದ್ರ ಬಿಡಸ್ತಿದ್ರು."

ಕೂಸನ್ನು ಎತ್ತಿ ಸೊಂಟಕ್ಕೆ ಹಾಕಿಕೊಂಡಳು. ಮಗಳ ಕೈಗೆ ಕೊಡಲಿಲ್ಲ. "ನಡೀರಿ. ಆಕಿ ಕೈಯಾಗ ನಾನಾ ಕೊಡ್ತೀನಿ," ಎಂದು ಚಪ್ಪಲಿ ಮೆಟ್ಟಿದಳು. ಹೋಟೆಲಿನ ಹಿಂದಿನ ಅಂಗಳದಲ್ಲಿ ಅಜ್ಜಿ ಕೂಸನ್ನು ಮಲ್ಲಮ್ಮನ ಮಡಿಲಿಗೆ ಇಳಿಸಿ, ಪ್ಲಾಸ್ಟರಿನ ಮೇಲೆ ಒಂದು ಸಲ ಕೈಯಾಡಿಸಿ, ಯಾರ ಮುಖವನ್ನೂ ನೋಡದೆ ವಾಪಸು ಹೋದಳು. ಕೂಸು ಪ್ಲಾಸ್ಟರನ್ನು ಬೆರಳಿಂದ ತಟ್ಟಿ ನೋಡಿತು. ಗಲ್ಲಾದಲ್ಲಿ ವಾಸಣ್ಣ ಪೇಪರನ್ನು ಮುಖಕ್ಕೆ ಅಡ್ಡ ಹಿಡಿದಿದ್ದ. ಅವತ್ತು ಅವನು ಯಾರಿಗೂ ಸಲಹೆ ಕೊಡಲಿಲ್ಲ, ಚಿಲ್ಲರೆ ಮಾತ್ರ ಕೊಟ್ಟ.

ಕೇಸು ನಡೆಯಬೇಕಾದಷ್ಟು ನಿಧಾನವಾಗಿ ನಡೆಯಿತು. ಬಸವರಾಜ ಜಾಮೀನಿನ ಮೇಲೆ ಹೊರಬಂದ. ಮಲ್ಲಮ್ಮ ಒಂದು ಪ್ಯಾಕಿಂಗ್ ಘಟಕಕ್ಕೆ ಕೆಲಸಕ್ಕೆ ಸೇರಿದಳು. ಮನೆಯಲ್ಲಿ ಕೇಳುತ್ತೇನೆ ಎಂದಿದ್ದಳಲ್ಲ, ಕೇಳಿದಳು. ಒಂದು ಇಡೀ ಮಳೆಗಾಲ ತಾಯಿ ಮಗಳು ಒಂದೇ ಖೋಲಿಯಲ್ಲಿ ಬೇರೆ ಬೇರೆ ಒಲೆ ಹಚ್ಚಿದರು ಎಂದು ಭಟ್ಟರು ಹೇಳುತ್ತಿದ್ದರು. ಕೊನೆಗೊಂದು ದಿನ ಒಂದು ಸ್ಟೋವ್ ಕೆಟ್ಟಿತು, ಅದನ್ನು ಯಾರೂ ರಿಪೇರಿ ಮಾಡಿಸಲಿಲ್ಲ.

ಸಾಕ್ಷಿ ಹೇಳುವ ದಿನ ನಾನು ಕೋರ್ಟಿನ ಹಿಂದಿನ ಸಾಲಿನಲ್ಲಿದ್ದೆ. ಆರೋಪಿಗಳ ಪಟ್ಟಿಯಲ್ಲಿ ಇಲ್ಲದ್ದರಿಂದಲೇ ನಿಂಗಮ್ಮ ಸಾಕ್ಷಿಯ ಕಟ್ಟೆ ಹತ್ತಬಹುದಾಗಿತ್ತು. ಹತ್ತುತ್ತಾಳೆಂದು ಯಾರೂ ನಂಬಿರಲಿಲ್ಲ. ಬಸವರಾಜನ ವಕೀಲರು, ಹೆತ್ತ ಮಗನ ವಿರುದ್ಧ ಸಾಕ್ಷಿ ಹೇಳಲು ನಿನಗೆ ಯಾರು ಕಲಿಸಿದರು ಎಂದು ಕೇಳಿದರು. "ಮಗನ ಮಾತು ಆಮ್ಯಾಲೆ ಕೇಳ್ರಿ," ಎಂದಳು ಅಜ್ಜಿ. "ಮೊದಲು ನಂದು ಕೇಳ್ರಿ. ನಾ ಒಳಗಿದ್ದೆ." ಅವನಿಗೆ ಶಿಕ್ಷೆಯಾಯಿತು. ಮೇಲಿನ ಕೋರ್ಟಿಗೆ ಹೋಗಿದ್ದಾನೆ, ಅದಿನ್ನೂ ಅಲ್ಲೇ ಇದೆ. ಅಷ್ಟರಲ್ಲಿ ವಿಚ್ಛೇದನವೂ ಆಯಿತು. ಅಜ್ಜಿ ಈಗ ಇರುವುದು ಮಲ್ಲಮ್ಮನ ಜೊತೆ. ಯಾರಾದರೂ ಕೇಳಿದರೆ ಮೊಮ್ಮಗಳ ಮನೆಯಲ್ಲಿದ್ದೇನೆ ಎನ್ನುತ್ತಾಳೆ. ಅದೂ ಸುಳ್ಳಲ್ಲವಲ್ಲ.

ಇಷ್ಟು ಬರೆದು ಪೆನ್ನು ಮುಚ್ಚಿ ಊಟಕ್ಕೆ ಹೊರಟೆ. ಉಳಿದದ್ದನ್ನು ಸಂಜೆ ವಾಪಸು ಬಂದು ಬರೆಯುತ್ತಿದ್ದೇನೆ.

ಹೊಸ ಮನೆಯೆಂದರೆ ಎರಡು ಕೋಣೆ, ಅಡುಗೆಮನೆಯೊಳಗೇ ನಲ್ಲಿ. ಮಲ್ಲಮ್ಮ ಆ ನಲ್ಲಿಯನ್ನು ಬಂದವರಿಗೆಲ್ಲ ತಿರುಗಿಸಿ ತೋರಿಸುತ್ತಿದ್ದಳು. ಚಂದ್ರಮ್ಮ ಹಂಚಿನ ಮುಂದೆ ಕೂತು ಹೋಳಿಗೆ ಬೇಯಿಸುತ್ತಿದ್ದಳು. ಊರಿಂದ ನೆಂಟರು ಬಂದಿದ್ದರು. ಮಲ್ಲಮ್ಮನ ತಮ್ಮ ಶಿವುವನ್ನು ನಾನು ಇವತ್ತೇ ಮೊದಲು ನೋಡಿದ್ದು. ಈ ಗಲಾಟೆಯ ಕಾಲದಲ್ಲಿ ಊರಿನ ಹಾಸ್ಟೆಲಿನಲ್ಲಿದ್ದ ಅವನು ಈಗ ರಾಂಜಣಗಾಂವದ ಒಂದು ಕಾರ್ಖಾನೆಯಲ್ಲಿದ್ದಾನೆ. ಒಳ್ಳೆ ಹುಡುಗ, ನನ್ನ ಹಾಗೆ ಕಡಿಮೆ ಮಾತು. ರೇಣುಕಾ ಅವನ ಪಕ್ಕದಲ್ಲೇ ಊಟಕ್ಕೆ ಕೂತು ಅವನ ತಟ್ಟೆಯ ಹಪ್ಪಳವನ್ನು ತನ್ನ ತಟ್ಟೆಗೆ ಸಾಗಿಸುತ್ತಿದ್ದಳು.

"ಏನೋ ಶಿವ್ಯಾ," ಎಂದರು ಊರಿನ ಒಬ್ಬ ಹಿರಿಯರು, ಎಲ್ಲರೂ ಕಾಕಾ ಎನ್ನುತ್ತಿದ್ದವರು. "ಭಾಳ ಆರಾಮ ಕೂತೀದಿ. ಹೆಣ್ಣು ಹುಡಕೂ ಚಿಂತಿ ಇಲ್ಲ ನಿನಗ. ನಿನ್ನ ಹೆಣ್ಣು ಬಾಜೂಕೇ ಕೂತು ಹಪ್ಪಳಾ ತಿನ್ಲಿಕತ್ತದ."

ಒಂದಿಬ್ಬರು ನಕ್ಕರು. ಶಿವು ತಟ್ಟೆ ನೋಡಿದ. ಮಲ್ಲಮ್ಮ ಸಾರಿನ ಪಾತ್ರೆ ಹಿಡಿದು ಅಡುಗೆಮನೆಯ ಹೊಸ್ತಿಲಲ್ಲಿ ನಿಂತಳು. ಅವಳು ಬಾಯಿ ತೆರೆಯುವ ಮೊದಲೇ ಒಲೆಯ ಬಳಿಯಿಂದ ಮಾತು ಬಂತು.

"ಕಾಕಾ, ಅಂವ ಆಕಿ ಮಾಮ. ಮಾಮಾನೇ ಇರ್ಲಿ."

"ಅದಕ್ಕ ಅಂದೆನವ್ವ ಚಂದ್ರಿ. ಮನಿ ಹೆಣ್ಣು ಮನ್ಯಾಗ ಉಳೀತದ."

ಚಂದ್ರಮ್ಮ ಹೋಳಿಗೆ ಮಗುಚಿದಳು. "ಮನ್ಯಾಗ ಉಳದ್ರ, ಹೊಡತಾ ತಿಂದ ದಿನ ಯಾರ ಮನಿಗಿ ಬರಬೇಕು ಕಾಕಾ? ನಾಳಿ ಆಕಿ ಅಳಕೋತ ಬಂದ್ರ ಆಕಿ ಕೂಡ ಹೋಗಿ, ಯಾಕೋ ಹೊಡದಿ ಅಂತ ಕೇಳ್ಲಿಕ್ಕ ಒಬ್ಬ ಮಾಮ ಬೇಕು. ನಮಗಿರೂದು ಇಂವ ಒಬ್ಬಂವ."

ಕಾಕಾ ಮೀಸೆ ಒರೆಸಿಕೊಂಡು ನನ್ನ ಕಡೆ ತಿರುಗಿದರು, ಕಲಿತವಳು ತಮ್ಮ ಪರ ಬರಬಹುದೆಂದು. "ಹಳೀ ಪದ್ಧತಿ ಅಲ್ರಿ ಬಾಯಾರ? ನೀವೇನಂತೀರಿ?"

ಎಲ್ಲರೂ ನನ್ನನ್ನೇ ನೋಡಿದರು. ನಾನು ವಾಕ್ಯ ಕೂಡಿಸಲು ಹೋಗಲಿಲ್ಲ.

"ಚಂದ್ರಮ್ಮ ಹೇಳಿದ್ದು ಸರಿ," ಎಂದೆ. "ನಾನೂ ಅದನ್ನೇ ಹೇಳುತ್ತೇನೆ."

ಬಾಗಿಲ ಬಳಿ ಕುರ್ಚಿಯಲ್ಲಿದ್ದ ನಿಂಗಮ್ಮ ಕಿವಿ ಕೇಳದವಳಂತೆ ಹೊರಗೆ ನೋಡುತ್ತಲೇ, "ಕಾಕಾಗ ಇನ್ನೊಂದು ಹೋಳಿಗಿ ಹಾಕ್ರಿ, ಬಾಯಿ ಖಾಲಿ ಅದ," ಎಂದಳು. ಈ ಸಲ ಎಲ್ಲರೂ ನಕ್ಕರು, ಕಾಕಾನೂ ಸೇರಿ.

ಶಿವು ಎದ್ದು ಹೋಗಿ ಹಂಚಿನ ಮೇಲಿನ ಬಿಸಿ ಹೋಳಿಗೆಯನ್ನು ತಂದು ರೇಣುಕಾಳ ತಟ್ಟೆಗೆ ಹಾಕಿದ. "ಬ್ಯಾಡ ಮಾಮಾ, ಬ್ಯಾಡ ಅಂದೆ ಅಲ್ಲ" ಎಂದು ಅವಳು ನಗುತ್ತ ಎರಡೂ ಕೈ ಅಡ್ಡ ಹಿಡಿದಳು. ಅವನು ಕೈಗಳನ್ನು ಸರಿಸಿ ತುಪ್ಪ ಸುರಿದ.